ನಲವತ್ತು ಹೆಗಲುಗಂಟೆ

ಪುಯೆರ್ತೊ ರೆದೊಂದೊ ಪಟ್ಟಣದಲ್ಲಿ ಬಡವರ ತೀವ್ರ ಅಭಾವವಿದೆ ಎಂಬ ಸಂಗತಿಯನ್ನು ಅಲ್ಲಿನ ವಾಣಿಜ್ಯ ಮಂಡಳಿಯು ಮಾರ್ಚ್ ತಿಂಗಳ ಸಭೆಯಲ್ಲಿ ಸರ್ವಾನುಮತದಿಂದ ಅಂಗೀಕರಿಸಿತು. ನಡಾವಳಿ ಬರೆದುಕೊಳ್ಳುತ್ತಿದ್ದ ಕಾರ್ಯದರ್ಶಿ ಮೆರ್ಸಿ ಕಾರ್ತುಚೆ ಪೆನ್ನು ತಡೆದು, "ಬಡವರು ಅಂದ್ರೆ ಯಾವ ಥರದ ಬಡವರು ಅಂತ ಬರ್ಕೊಳ್ಲಿ?" ಎಂದು ಕೇಳಿದಳು. "ಉಪಯೋಗಕ್ಕೆ ಬರೋ ಬಡವರು ಕಣಮ್ಮಾ" ಎಂದು ಅಧ್ಯಕ್ಷರಾದ ದೋನ್ ಗಾಲೋ ಪಲಾದಿನೆಸ್ ಸ್ಪಷ್ಟಪಡಿಸಿದರು.

ಉಳಿದ ಥರದ ಬಡವರಿಗೇನೂ ಕೊರತೆಯಿರಲಿಲ್ಲ. ಅಳಿವೆಯಾಚೆ, ಕೆಸರಿನಲ್ಲಿ ನಾಟಿದ ಕಂಬಗಳ ಮೇಲೆ ಬಿದಿರಿನ ಗುಡಿಸಲು ಕಟ್ಟಿಕೊಂಡು ಮೂರು ಸಾವಿರ ಮಂದಿ ಇದ್ದರು. ಆದರೆ ಅವರ ಅರ್ಜಿಗಳು ಕ್ರಮಬದ್ಧವಾಗಿರಲಿಲ್ಲ.

ಇದೆಲ್ಲ ಶುರುವಾದದ್ದು ಮೂರು ವರ್ಷದ ಹಿಂದೆ. ಗುವಾಯಾಕಿಲ್‌ನಿಂದ ಬಂದ ಸಲಹೆಗಾರನೊಬ್ಬ ಇಡೀ ದಿನ ಉಪನ್ಯಾಸ ಕೊಟ್ಟು, ಒಟ್ಟಿಗೆ ಬೆವರು ಸುರಿಸಿದವರು ಒಬ್ಬರಿಗೊಬ್ಬರು ಮೋಸ ಮಾಡುವುದಿಲ್ಲ, ಆದ್ದರಿಂದ ವ್ಯಾಪಾರದ ನಂಟನ್ನು ಸಮಾಜಸೇವೆಯಲ್ಲಿ ಬೆಳೆಸಬೇಕು ಎಂದು ಹೇಳಿ ಹೋದ. ಸದಸ್ಯರಿಗೆ ಇದು ತೀರಾ ಹೊಸ ವಿಚಾರ. ಅದುವರೆಗೂ ಅವರು ಹವಾನಿಯಂತ್ರಿತ ಕೋಣೆಯಲ್ಲಿ ಕೂತು ಬೆವರದೆಯೇ ಮೋಸ ಮಾಡಿಕೊಂಡು ಬಂದಿದ್ದರು. ಮರುವಾರವೇ ಎರಡು ನಿಯಮಗಳು ಜಾರಿಗೆ ಬಂದವು.

"ನಿಯಮ ೯: ಮಂಡಳಿಯ ಯಾವುದೇ ಇಬ್ಬರು ಸದಸ್ಯರು ಪರಸ್ಪರ ಒಪ್ಪಂದಕ್ಕೆ ಸಹಿ ಹಾಕುವ ಮುನ್ನ ದೀನರ ಸೇವೆಯಲ್ಲಿ ನಲವತ್ತು ಗಂಟೆಗಳ ಕಾಲ ಹೆಗಲಿಗೆ ಹೆಗಲು ಕೊಟ್ಟು ದುಡಿದಿರತಕ್ಕದ್ದು. ಹೆಗಲುಗಳ ನಡುವಿನ ಅಂತರ ಮೂವತ್ತು ಸೆಂಟಿಮೀಟರ್ ಮೀರತಕ್ಕದ್ದಲ್ಲ.

"ನಿಯಮ ೧೦: ಮಿಂಗಾ ಎಂಬುದು ನಮ್ಮ ಪೂರ್ವಿಕರ ಪದ್ಧತಿ. ಒಬ್ಬರ ಮನೆಯ ಕೆಲಸಕ್ಕೆ ಊರೆಲ್ಲ ಕೈಹಾಕುವುದೂ, ಆ ಮನೆಯವರು ಊರಿಗೆಲ್ಲ ಊಟ ಹಾಕುವುದೂ ಅದರ ಧರ್ಮ. ಆದ್ದರಿಂದ ಸೇವೆ ಪಡೆಯುವ ಫಲಾನುಭವಿಯೇ ಊಟದ ವ್ಯವಸ್ಥೆ ಮಾಡತಕ್ಕದ್ದು. ಪೂರ್ವಿಕರ ವಿಷಯದಲ್ಲಿ ಮಂಡಳಿಯು ಕೈಹಾಕುವುದಿಲ್ಲ."

ಅಂದಿನಿಂದ ಪುಯೆರ್ತೊ ರೆದೊಂದೊದಲ್ಲಿ ಸೇವೆಯಿಲ್ಲದೆ ಒಂದು ಮೂಟೆ ಗೊಬ್ಬರವೂ ಕೈಬದಲಾಗಲಿಲ್ಲ. ಶನಿವಾರ ಬಂತೆಂದರೆ ಮಂಡಳಿಯ ನಲವತ್ತಮೂರು ಸದಸ್ಯರು ಒಂದೇ ಬಣ್ಣದ ಅಂಗಿ ತೊಟ್ಟು, ಕುಂಚ ಹಿಡಿದು, ಒಪ್ಪಂದ ಬೇಕಾದವರ ಪಕ್ಕ ಜಾಗ ಹಿಡಿಯಲು ಓಡುತ್ತಿದ್ದರು. ಎಲ್ಲೆಲ್ಲಿ ದುಡಿದರೂ ಊಟಕ್ಕೆ ಮಾತ್ರ ಎಲ್ಲರೂ ಅಧ್ಯಕ್ಷರಿದ್ದ ಮನೆಗೇ ಬರುತ್ತಿದ್ದರು.

ಒಲ್ಮೆದೋ ಫೆಯ್ಹೋ ಇವರಲ್ಲೊಬ್ಬ. ಬಾಳೆಹಣ್ಣು ತುಂಬುವ ರಟ್ಟಿನ ಪೆಟ್ಟಿಗೆ ಮಾಡುವ ಕಾರ್ಖಾನೆ ಅವನದು, ಇಪ್ಪತ್ತಾರು ಆಳು. ಅವನು ಓದಿದ್ದು ಹೈಸ್ಕೂಲಿನವರೆಗಾದರೂ, ಸ್ವಂತ ಕಾರು ಇದ್ದುದರಿಂದ ಊರಿನ ವಾಡಿಕೆಯಂತೆ ಎಲ್ಲರೂ ಅವನನ್ನು ಇಂಜಿನಿಯರ್ ಎನ್ನುತ್ತಿದ್ದರು. ಜನವರಿಯಲ್ಲಿ ಅವನ ದೊಡ್ಡ ಗಿರಾಕಿಯೊಬ್ಬರು ತೋಟ ಮಾರಿ ಮಯಾಮಿಗೆ ಹೊರಟುಹೋದರು. ಇನ್ನು ಉಳಿದ ಆಸೆ ದೋನ್ ಗಾಲೋ. ವರ್ಷಕ್ಕೆ ಒಂಬತ್ತು ಲಕ್ಷ ಪೆಟ್ಟಿಗೆ ಬಾಳೆಹಣ್ಣನ್ನು ಹಡಗಿಗೆ ಹತ್ತಿಸುವ ಮನುಷ್ಯ. ಆ ಪೆಟ್ಟಿಗೆಗಳ ಒಪ್ಪಂದ ಜೂನ್ ಮುಗಿಯುವುದರೊಳಗೆ ಸಿಕ್ಕರೆ ಕಾರ್ಖಾನೆ ಉಂಟು, ಇಲ್ಲದಿದ್ದರೆ ಜುಲೈ ಒಂದಕ್ಕೆ ಬೀಗ.

ತೊಡಕೇನೆಂದರೆ, ದೋನ್ ಗಾಲೋಗೆ ಎಲ್ಲರಂತೆ ಎರಡು ಹೆಗಲು. ಎಡಹೆಗಲಿಗೆ ಒಲ್ಮೆದೋ ನಿಂತರೆ ಬಲಹೆಗಲಿಗೆ ಹೋಫ್ರೆ ಅಪೋಲೊ ನಿಲ್ಲುತ್ತಿದ್ದ. ಹೋಫ್ರೆಯದೂ ಪೆಟ್ಟಿಗೆ ಕಾರ್ಖಾನೆಯೇ. ಮೇ ತಿಂಗಳ ಕೊನೆಗೆ ಇಬ್ಬರ ಖಾತೆಯಲ್ಲೂ ಮೂವತ್ತೊಂದು ಹೆಗಲುಗಂಟೆ ಜಮೆಯಾಗಿತ್ತು. ಮಿಕ್ಕಿದ್ದು ಒಂಬತ್ತು. ಮೊದಲು ಮುಗಿಸಿದವನಿಗೆ ಸಹಿ ಎಂದು ದೋನ್ ಗಾಲೋ ಯಾರಿಗೂ ಹೇಳಿರಲಿಲ್ಲ, ಎಲ್ಲರಿಗೂ ಗೊತ್ತಿತ್ತು.

ಆ ಮೂವತ್ತೊಂದು ಗಂಟೆಯೂ ಕಳೆದದ್ದು ವಿಧವೆ ದೋನ್ಯಾ ಸೊಯ್ಲಾಳ ಮನೆಯ ಗೋಡೆಯ ಮುಂದೆ. ಆಕೆ ಅರ್ಜಿಯಲ್ಲಿ ಕೇಳಿದ್ದು ನೀರಿನ ಕೊಳವೆ. ಒಡೆದುಹೋಗಿ ವರ್ಷವಾಗಿತ್ತು, ಬೀದಿಕೊನೆಯಿಂದ ಕೊಡದಲ್ಲಿ ಹೊರುತ್ತಿದ್ದಳು. ಮಂಡಳಿಯ ಪರಿಶೀಲನಾ ಸಮಿತಿ ಬಂದು ನೋಡಿತು. ಕೊಳವೆಯ ಕಾಲುವೆಯಲ್ಲಿ ಒಂದು ಸಲಕ್ಕೆ ಒಬ್ಬನೇ ಇಳಿಯಬಹುದು, ಒಬ್ಬನಿಗೆ ಹೆಗಲು ಕೊಡುವವರು ಯಾರು? ಆದಕಾರಣ ಗೋಡೆಗೆ ಬಣ್ಣ ಬಳಿಯಲು ಮಂಜೂರಾತಿ ಸಿಕ್ಕಿತು. ಗೋಡೆ ಮೊದಲು ಹಸಿರಾಯಿತು, ಆಮೇಲೆ ಕೆನೆ, ನೀಲಿ, ಮತ್ತೆ ಹಸಿರು. ಸೇವೆಯ ಹೊತ್ತಿನಲ್ಲಿ ವ್ಯಾಪಾರದ ಮಾತಾಡಕೂಡದೆಂಬ ನಿಯಮವಿದ್ದುದರಿಂದ ಯಾರೂ ಆಡುತ್ತಿರಲಿಲ್ಲ.

"ಈ ಗೋಡೆ ಪರವಾಗಿಲ್ಲ ದೋನ್ ಗಾಲೋ," ಒಲ್ಮೆದೋ ಹೇಳಿದ. "ಆದ್ರೆ ನಮ್ಮ ಐದು ಪದರದ ರಟ್ಟಿನಷ್ಟು ಗಟ್ಟಿ ಇಲ್ಲ ಬಿಡಿ."

"ಗಟ್ಟಿ ಏನೋ ಇರುತ್ತೆ," ಬಲಗಡೆಯಿಂದ ಹೋಫ್ರೆ ಹೇಳಿದ, "ಒಂದು ಹನಿ ನೀರು ಬಿದ್ರೆ ಮಾತ್ರ ನಮ್ಮ ಇಂಜಿನಿಯರ್ ರಟ್ಟು ಅತ್ತೆ ಮನೆಗೆ ಹೋದ ಅಳಿಯನ ಥರ ಮಲಗೇಬಿಡುತ್ತೆ."

"ನಿನ್ನ ಪೆಟ್ಟಿಗೆ ಮಲಗಲ್ಲ ಬಿಡು. ಅದಕ್ಕೆ ನಿಂತು ಅಭ್ಯಾಸ ಇದ್ರೆ ತಾನೆ?"

"ಸೇವೆ ಮಾಡ್ರಯ್ಯಾ, ಸೇವೆ ಮಾಡ್ರಿ," ದೋನ್ ಗಾಲೋ ನಡುವೆ ನಿಂತು ತೃಪ್ತಿಯಿಂದ ಹೇಳಿದರು. "ಬಡವರ ಮನೆ ಮುಂದೆ ನಿಂತು ಜಗಳ ಆಡ್ತಾರಾ?"

ಮೇ ಕೊನೆಯ ಶನಿವಾರದ ಆ ಮಧ್ಯಾಹ್ನ ದೋನ್ಯಾ ಸೊಯ್ಲಾ ಅನ್ನವನ್ನೂ ಹುರಿದ ಬಾಳೆಕಾಯಿಯನ್ನೂ ಮಾತ್ರ ಬಡಿಸಿದಳು. ತಟ್ಟೆಯಲ್ಲಿ ಕೋಳಿ ಕಾಣದೆ ಸದಸ್ಯರು ಮುಖ ಮುಖ ನೋಡಿಕೊಂಡರು.

"ಸೊಯ್ಲೀತಾ, ಕೋಳಿ ಎಲ್ಲಮ್ಮಾ?" ಮೆರ್ಸಿ ಮೆಲ್ಲಗೆ ಕೇಳಿದಳು.

"ಮುಗೀತು ತಾಯೀ. ನೀವು ನನ್ನ ಉದ್ಧಾರಕ್ಕೆ ಬರೋಕೆ ಮುಂಚೆ ಇಪ್ಪತ್ತೆರಡು ಕೋಳಿ, ಎರಡು ಆಡು ಇತ್ತು. ಆಗ ನಾನು ಬರೀ ಬಡವೆ. ಈಗ ಉದ್ಧಾರ ಆಗಿದೀನಿ, ನಾಳೆ ಬೆಳಿಗ್ಗೆ ಒಲೆಗೆ ಏನಿಡೋದು ಅಂತ ಗೊತ್ತಿಲ್ಲ. ಗೋಡೆ ಚೆನ್ನಾಗಿದೆ. ದೇವರು ನಿಮ್ಮನ್ನ ಚೆನ್ನಾಗಿಟ್ಟಿರಲಿ. ಇನ್ನು ಬರಬೇಡಿ."

ಸೋಮವಾರ ಆಕೆ ಮನೆಗೆ ಬೀಗ ಹಾಕಿ ತಂಗಿಯ ಊರಿಗೆ ಬಸ್ಸು ಹತ್ತಿದಳು. ಫಲಾನುಭವಿಯು ತೊಂಬತ್ತು ದಿನಗಳ ನೋಟಿಸ್ ಕೊಡದೆ ಬಡತನ ತ್ಯಜಿಸುವಂತಿಲ್ಲ ಎಂಬ ಪತ್ರವನ್ನು ಮಂಡಳಿ ಅವಳ ಬಾಗಿಲಿಗೆ ಅಂಟಿಸಿತು.

ಒಲ್ಮೆದೋ ಮೆರ್ಸಿಯ ಮೇಜಿನ ಮುಂದೆ ನಿಂತು, ಪದವೀಧರೆಯರನ್ನು ಕರೆಯುವ ಮರ್ಯಾದೆಯ ಹೆಸರಿನಿಂದಲೇ ಕರೆದು ಬೇಡಿಕೊಂಡ. "ಲಿಸೆನ್ಸಿಯಾದಾ, ಬರೀ ಒಂಬತ್ತು ಗಂಟೆ. ಯಾರಾದ್ರೂ ಒಬ್ಬ ಬಡವನ್ನ ಕೊಡಿಸಿ. ಕುರುಡ ಆದ್ರೂ ಸರಿ, ಕುಂಟ ಆದ್ರೂ ಸರಿ."

ಮೆರ್ಸಿ ದಪ್ಪ ರಿಜಿಸ್ಟರ್ ತಿರುವಿದಳು. "ಕುರುಡ ಅಕ್ಟೋಬರ್ ತನಕ ಬುಕ್ ಆಗಿದಾನೆ, ಇಂಜಿನಿಯರ್ರೇ. ವೃದ್ಧಾಶ್ರಮದಲ್ಲಿ ಹನ್ನೊಂದು ಮುದುಕರು, ಮೂವತ್ತು ಸ್ವಯಂಸೇವಕರು. ಹೋದ ಶನಿವಾರ ಒಬ್ಬ ಅಜ್ಜನಿಗೆ ನಾಲ್ಕು ಸಲ ಕ್ಷೌರ ಆಯ್ತು. ಈಗ ಅಜ್ಜ ಶನಿವಾರ ಅಂದ್ರೆ ಮಂಚದ ಕೆಳಗೆ ಹೋಗ್ತಾರೆ. ಅನಾಥಾಲಯದ ಮಕ್ಕಳು ಸೀಮೆಂಟ್ ಅಂಗಡಿಯವರಿಗೂ ವಿಮೆಯವರಿಗೂ ಹಂಚಿಕೆ ಆಗಿದಾರೆ."

"ಅಳಿವೆಯಾಚೆ ಇದಾರಲ್ಲ, ಮೂರು ಸಾವಿರ ಜನ?"

"ಅರ್ಜಿ ಹಾಕಿಸಿ ನೋಡಿ," ಎಂದಳು ಮೆರ್ಸಿ, ಆಸ್ಪತ್ರೆಯಲ್ಲಿ ರೋಗಿಯ ಕಡೆಯವರಿಗೆ ಹೇಳುವ ದನಿಯಲ್ಲಿ.

ಒಲ್ಮೆದೋ ತನ್ನದೇ ದೋಣಿಯಲ್ಲಿ ಸಮಿತಿಯನ್ನು ಆಚೆ ದಡಕ್ಕೆ ಕರೆದೊಯ್ದ. ಸಮಿತಿಯ ಮೂವರೂ ಒಂದು ಗುಡಿಸಲಿನ ಮುಂದೆ ಮೂಗು ಹಿಡಿದು ನಿಂತು ವರದಿ ಬರೆದರು. ಆರು ಕಾರು ನಿಲ್ಲಲು ಜಾಗವಿಲ್ಲ. ಎಂಟು ಮೀಟರ್ ಉದ್ದದ ಗೋಡೆಯಿಲ್ಲ. ಗೋಡೆಯೇ ಇಲ್ಲ, ಬಿದಿರಿದೆ. ನೆರಳಿಲ್ಲ. ಕೋಳಿ ಅಥವಾ ತತ್ಸಮಾನ ಪ್ರಾಣಿಗಳಿಲ್ಲದ ಕಾರಣ ಪೂರ್ವಿಕರ ಪದ್ಧತಿಗೆ ಅಪಚಾರವಾಗುವ ಸಂಭವವಿದೆ. ಕೊನೆಯ ಸಾಲು ಹೀಗಿತ್ತು: "ಅರ್ಜಿದಾರರ ಬಡತನವು ಮಂಡಳಿಯ ಸಹಾಯಕ್ಕೆ ಅಗತ್ಯವಾದ ಮಟ್ಟವನ್ನು ಮೀರಿರುವುದರಿಂದ ತಿರಸ್ಕರಿಸಲಾಗಿದೆ."

ಜೂನ್ ಏಳು ಆಗಿತ್ತು. ಉಳಿದದ್ದು ಮೂರು ಶನಿವಾರ. ವಾರಕ್ಕೆ ಮೂರು ಗಂಟೆಯಂತೆ ಸರಿಯಾಗಿ ಒಂಬತ್ತು. ಮೆರ್ಸಿ ಒಲ್ಮೆದೋನ ಮುಖ ನೋಡಿ ಕನಿಕರಪಟ್ಟಳು.

"ನೋಡಿ, ವಿಧವೆಯರ ಕಾಲಂ ತುಂಬಿದೆ. ಗಂಡ ಬಿಟ್ಟವರ ಕಾಲಂ ಮಾತ್ರ ಖಾಲಿ. ನಿಮ್ಮ ಕಡೆ ಯಾರಾದ್ರೂ ಗಂಡ ಬಿಟ್ಟ ಹೆಂಗಸು, ದೊಡ್ಡ ಗೋಡೆ ಇರೋರು…"

ಒಲ್ಮೆದೋ ಮನೆಗೆ ಹೋಗಿ ಮಾವಿನ ಮರದ ಕೆಳಗೆ ನಿಂತು ತನ್ನ ಮನೆಯ ಗೋಡೆಯನ್ನು ಹೆಜ್ಜೆ ಹಾಕಿ ಅಳೆದ. ಹನ್ನೆರಡು ಮೀಟರ್. ಕಿಟಕಿಯಿಂದ ಹೆಂಡತಿ ಫಾನ್ನಿ ನೋಡುತ್ತಿದ್ದಳು.

"ಏನು, ಮನೆ ಮಾರ್ತಿದೀಯಾ?"

"ಇಲ್ಲ ಕಣೇ. ನಿನ್ನ ಬಿಡ್ತಿದೀನಿ."

ಫಾನ್ನಿ ಒಲೆಯ ಕಡೆ ತಿರುಗಿ ನೋಡಿದಳು. "ಊಟ ಮಾಡ್ಕೊಂಡು ಹೋಗ್ತೀಯೋ, ಹಾಗೇ ಹೋಗ್ತೀಯೋ?"

ಅವನು ಎಲ್ಲ ವಿವರಿಸಿದ. ಕಾಗದದ ಮೇಲೆ ಮಾತ್ರ ಬಿಡುವುದು. ಮೂರು ಶನಿವಾರ. ಅವಳು ಕೇಳುತ್ತಾ ಕೇಳುತ್ತಾ ಸೊಂಟದ ಮೇಲೆ ಕೈಯಿಟ್ಟುಕೊಂಡಳು.

"ಅಂದ್ರೆ ನಲವತ್ತಮೂರು ಜನಕ್ಕೆ ನಾನು ಕೋಳಿ ಸೆಕೊ ಸಾರು ಮಾಡಿ ಹಾಕ್ಬೇಕು, ಊರಿಗೆಲ್ಲ ಗಂಡ ಬಿಟ್ಟೋಳು ಅನ್ನಿಸ್ಕೋಬೇಕು, ಅವರು ಈ ಒಳ್ಳೇ ಗೋಡೆಗೆ ಇನ್ಯಾವುದೋ ಬಣ್ಣ ಮೆತ್ತಿ ಹೋಗ್ಬೇಕು. ಇಷ್ಟೂ ಆದ್ಮೇಲೆ ನಿನಗೆ ರಟ್ಟು ಮಾರೋಕೆ ಬಿಡ್ತಾರೆ."

"ಹೌದು."

"ಇಪ್ಪತ್ತೆರಡು ವರ್ಷ ಸಂಸಾರ ಮಾಡಿದೀನಿ, ಒಲ್ಮೆದೋ. ನಿನ್ನ ಬಿಡೋಕೆ ಇದಕ್ಕಿಂತ ಒಳ್ಳೇ ಕಾರಣ ಹನ್ನೆರಡಾದ್ರೂ ಸಿಕ್ಕಿತ್ತು, ಆಗೆಲ್ಲ ಬಿಡಲಿಲ್ಲ." ಅವಳು ಕಾರ್ಖಾನೆಯ ಕಡೆ ನೋಡಿದಳು. "ಆ ಇಪ್ಪತ್ತಾರು ಜನದ ಮುಖ ನೋಡಿ ಒಪ್ತಿದೀನಿ. ಫಾರಂ ತಾ."

ಅರ್ಜಿ ಒಂದೇ ದಿನದಲ್ಲಿ ಮಂಜೂರಾಯಿತು. ಗೋಡೆಯ ಉದ್ದ, ನೆರಳು, ವಾಹನ ನಿಲುಗಡೆ ಎಲ್ಲದರಲ್ಲೂ ಪೂರ್ತಿ ಅಂಕ. ಇಷ್ಟು ಅಚ್ಚುಕಟ್ಟಾದ ಬಡತನವನ್ನು ತಾವು ಈಚೆಗೆ ಕಂಡಿಲ್ಲವೆಂದು ಸಮಿತಿ ಷರಾ ಬರೆಯಿತು. ನಿಯಮದಂತೆ ಒಲ್ಮೆದೋ ಬಟ್ಟೆಬರೆ ತೆಗೆದುಕೊಂಡು ಹೋಗಿ ಕಾರ್ಖಾನೆಯಲ್ಲಿ ರಟ್ಟಿನ ರಾಶಿಯ ಮೇಲೆ ಬಿಡಾರ ಹೂಡಿದ.

ಮೊದಲ ಶನಿವಾರ ಅವನು ಕುಂಚ ಹಿಡಿದು ಎಲ್ಲರಿಗಿಂತ ಮುಂಚೆ ಬಂದ. ಗೇಟಿನಲ್ಲಿ ಮೆರ್ಸಿ ಕೈ ಅಡ್ಡ ಹಿಡಿದಳು.

"ಕ್ಷಮಿಸಿ ಇಂಜಿನಿಯರ್ರೇ. ನಿಯಮ ೧೭. ಹೆಂಡತಿಯನ್ನು ತ್ಯಜಿಸಿದ ಪುರುಷನು ಸದರಿ ಹೆಂಡತಿಯ ಸೇವಾಸ್ಥಳದಿಂದ ಐವತ್ತು ಮೀಟರ್ ದೂರ ಇರತಕ್ಕದ್ದು."

"ನಾನೆಲ್ಲಿ ತ್ಯಜಿಸಿದೆ? ಫಾರಂ ತುಂಬಿಸಿದೋರು ನೀವೇ ಅಲ್ವಾ?"

"ತುಂಬಿದೋರು ನೀವು. ಸಹಿ ನಿಮ್ಮದು. ನಾನು ಕಾಲಂ ತೋರಿಸಿದೆ ಅಷ್ಟೆ."

"ಹಾಗಾದ್ರೆ ವಾಪಸ್ ತಗೋತೀನಿ! ಈಗಿಂದೀಗ್ಲೇ ಅವಳನ್ನ ಕಟ್ಕೋತೀನಿ!"

"ತಗೋಬಹುದು," ಮೆರ್ಸಿ ಸಮಾಧಾನದಿಂದ ಹೇಳಿದಳು. "ತೊಂಬತ್ತು ದಿನದ ನೋಟಿಸ್ ಕೊಡಿ."

ಐವತ್ತು ಮೀಟರ್ ಎಂದರೆ ಎದುರು ಬೀದಿಯ ಕ್ಷೌರದಂಗಡಿಯ ಬೆಂಚು. ಒಲ್ಮೆದೋ ಅಲ್ಲಿ ಕೂತು ನೋಡಿದ. ತನ್ನ ಗೋಡೆಯ ಮುಂದೆ ದೋನ್ ಗಾಲೋ ನಿಂತಿದ್ದರು. ಅವರ ಬಲಹೆಗಲಿಗೆ ಹೋಫ್ರೆ ಅಂಟಿಕೊಂಡಿದ್ದ. ತನ್ನದಾಗಿದ್ದ ಎಡಹೆಗಲನ್ನು ಬಾಳೆಗೊನೆಗೆ ಚೀಟಿ ಅಚ್ಚು ಹಾಕುವ ಯಾರೋ ಆಗಲೇ ಹಿಡಿದಾಗಿತ್ತು. ಹೋಫ್ರೆ ಏನೋ ಹೇಳಿದ. ದೋನ್ ಗಾಲೋ ಹೊಟ್ಟೆ ಕುಲುಕಿಸಿ ನಕ್ಕರು. ಐವತ್ತು ಮೀಟರಿನಿಂದ ಮಾತು ಕೇಳಿಸುವುದಿಲ್ಲ, ನಗು ಕೇಳಿಸುತ್ತದೆ.

ಫಾನ್ನಿ ಕೈಲಾದ್ದು ಮಾಡಿದಳು. ಬಡಿಸುವಾಗ ದೋನ್ ಗಾಲೋರ ತಟ್ಟೆಗೆ ಎರಡು ತೊಡೆ ಹಾಕಿ, ದೊಡ್ಡ ಉಸಿರು ಬಿಟ್ಟಳು. "ಏನು ಮಾಡೋದು ದೋನ್ ಗಾಲೋ, ಗಂಡ ಅಂತೂ ಕೆಟ್ಟೋನು. ಆದ್ರೆ ನಿಜ ಹೇಳ್ಬೇಕು, ಪೆಟ್ಟಿಗೆ ಮಾತ್ರ ಬಹಳ ಚೆನ್ನಾಗಿ ಮಾಡ್ತಾನೆ."

ದೋನ್ ಗಾಲೋ ಮೂಳೆ ಚೀಪುವುದನ್ನು ನಿಲ್ಲಿಸಿ ಅವಳ ತಲೆ ಸವರಿದರು. "ಇಂಥಾ ಕೈಅಡಿಗೆಯ ಹೆಂಡ್ತೀನೇ ಬಿಟ್ಟವನ ಪೆಟ್ಟಿಗೇನ ಹೇಗಮ್ಮಾ ನಂಬೋದು? ನನ್ನ ಹಣ್ಣು ಸಮುದ್ರ ದಾಟಬೇಕು."

ಮೂರನೆಯ ಶನಿವಾರ ಹೋಫ್ರೆಗೆ ನಲವತ್ತು ಗಂಟೆ ತುಂಬಿತು. ಗೋಡೆಯ ಬಣ್ಣ ಆರುವ ಮೊದಲೇ ಮಾವಿನ ಮರದ ಕೆಳಗೆ ಸಹಿಯಾಯಿತು. ಜುಲೈ ಒಂದಕ್ಕೆ ಒಲ್ಮೆದೋ ಕಾರ್ಖಾನೆಗೆ ಬೀಗ ಹಾಕಿದ. ಇಪ್ಪತ್ತಾರು ಜನರಲ್ಲಿ ಕೆಲವರು ಹೋಫ್ರೆಯ ಬಳಿ ಅರ್ಧ ಕೂಲಿಗೆ ಸೇರಿದರು. ಉಳಿದವರು ಫಲಾನುಭವಿಗಳಾಗಲು ಅರ್ಜಿ ಹಾಕಿದರು. ಬಾಡಿಗೆ ಮನೆಯ ಗೋಡೆ ಅವರದಲ್ಲವಾದ್ದರಿಂದ ಅವರ ಬಡತನ ಊರ್ಜಿತವಾಗಲಿಲ್ಲ.

ಮಂಡಳಿ ನಿಷ್ಠುರವೆಂದು ಯಾರೂ ಹೇಳುವಂತಿಲ್ಲ. ಅದೇ ವಾರ ಮೆರ್ಸಿ ತಾನಾಗಿಯೇ ಬಂದು, ಒಲ್ಮೆದೋ ಮನೆಗೆ ಮರಳಬಹುದೆಂದು ತಿಳಿಸಿದಳು. ಗಂಡ ಬಿಟ್ಟವಳ ಮನೆ ಎಂಬುದನ್ನು ನಿರುದ್ಯೋಗಿ ಕುಟುಂಬ ಎಂದು ತಿದ್ದಲಾಗಿತ್ತು. ಬಡತನ ಹೆಚ್ಚಾಗುವ ಬದಲಾವಣೆಗೆ ನೋಟಿಸಿನ ಅಗತ್ಯವಿಲ್ಲ.

"ನಿಮ್ಮ ಮನೆಗೆ ಬಹಳ ಬೇಡಿಕೆ ಇದೆ, ಒಲ್ಮೆದೀತೊ," ಎಂದಳು. ಕಾರು ಮಾರಿಯಾಗಿತ್ತು, ಇಂಜಿನಿಯರ್ ಎನ್ನಲು ಆಧಾರವಿರಲಿಲ್ಲ. "ಮುಂದಿನ ಫೆಬ್ರವರಿ ತನಕ ಶನಿವಾರ ಎಲ್ಲಾ ಬುಕ್ಕು. ಫಾನ್ನಿಯ ಸೆಕೊ ಅಂದ್ರೆ ದೋನ್ ಗಾಲೋ ಪ್ರಾಣ ಬಿಡ್ತಾರೆ."

ಫಾನ್ನಿ ಕೈಯಲ್ಲಿದ್ದ ಸೌಟು ಕೆಳಗಿಟ್ಟಳು. "ಅವರು ಬಿಡ್ತಾರೆ ಅಂದ್ರೆ ಹೇಳು, ಇನ್ನೂ ಚೆನ್ನಾಗಿ ಮಾಡ್ತೀನಿ."

ಕಾರಿನ ಹಣ ಆರು ಶನಿವಾರಕ್ಕೆ ಬಂತು. ಆಮೇಲೆ ರಟ್ಟು ಕತ್ತರಿಸುವ ಯಂತ್ರವನ್ನು ಹೋಫ್ರೆ ಕೊಂಡುಕೊಂಡ. ಆ ಹಣದಲ್ಲಿ ಹೋಫ್ರೆಗೆ ಊಟ ಹಾಕಲಾಯಿತು. ಒಂದು ಶನಿವಾರ ಬಡಿಸುತ್ತಿದ್ದ ಒಲ್ಮೆದೋನ ಕಿವಿಗೆ, ಕಳೆದ ಹಡಗಿನಲ್ಲಿ ಹೋಫ್ರೆಯ ಪೆಟ್ಟಿಗೆಗಳು ತಳ ಕಳಚಿ ಹಣ್ಣು ಚೆಲ್ಲಿದ ಸುದ್ದಿ ಬಿತ್ತು. "ಅಂಟನ್ನ ಇಪ್ಪತ್ನಾಲ್ಕು ಗಂಟೆ ಆರೋಕೆ ಬಿಡ್ಬೇಕು," ಎಂದು ಅವನು ತಡೆಯಲಾರದೆ ಹೇಳಿಬಿಟ್ಟ. ನಲವತ್ತೆರಡು ತಟ್ಟೆಗಳೂ ಸುಮ್ಮನಾದವು. ಫಲಾನುಭವಿಯು ವ್ಯಾಪಾರದ ಮಾತಾಡಿದ್ದು ಇತಿಹಾಸದಲ್ಲೇ ಮೊದಲು.

"ಪಾಪ," ಎಂದರು ದೋನ್ ಗಾಲೋ ಮೃದುವಾಗಿ. "ಬಡತನದಲ್ಲಿ ಮನುಷ್ಯ ಏನೇನೋ ಮಾತಾಡ್ತಾನೆ. ಇನ್ನೊಂಚೂರು ಅನ್ನ ಹಾಕಪ್ಪಾ."

ಸೆಪ್ಟೆಂಬರಿನಲ್ಲಿ ಹೊಸದೊಂದು ಸಮಸ್ಯೆ ತಲೆದೋರಿತು. ಹತ್ತಾರು ಸಲ ಬಳಿದ ಗೋಡೆ ಗಾಜಿನಂತೆ ನುಣುಪಾಗಿ, ಸದಸ್ಯರಿಗೆ ಅದರಲ್ಲಿ ತಮ್ಮ ಮುಖವೇ ಕಾಣತೊಡಗಿತು. ಇಂಥ ಗೋಡೆಯ ಮುಂದೆ ನಿಂತರೆ ಕರುಣೆ ಹುಟ್ಟುವುದಿಲ್ಲವೆಂದು ಮೂವರು ಲಿಖಿತ ದೂರು ಕೊಟ್ಟರು. ಗೋಡೆಯನ್ನು ಪ್ರತಿ ಶುಕ್ರವಾರ ಸೇವಾಯೋಗ್ಯ ಸ್ಥಿತಿಗೆ ತರಲು ಮಂಡಳಿಯು ಒಂದು ಹುದ್ದೆಯನ್ನು ಸೃಷ್ಟಿಸಿ ಒಲ್ಮೆದೋನನ್ನು ನೇಮಿಸಿತು. ಸಂಬಳವೆಂದು ಮಿಕ್ಕ ಬಣ್ಣದ ಡಬ್ಬಿಗಳು.

"ಒಪ್ಕೋತೀಯಾ?" ಫಾನ್ನಿ ಕೇಳಿದಳು.

"ಮನೇಲಿ ಕೂತು ಏನು ಮಾಡ್ಲಿ?"

ಕಾಟಾಚಾರದ ಕೆಲಸ ಅವನ ಜಾಯಮಾನದಲ್ಲೇ ಇರಲಿಲ್ಲ. ಮೊದಲ ವಾರ ಬರೀ ಕೆರೆದ. ಎರಡನೆಯ ವಾರ ಉಪ್ಪುನೀರು ಎರಚಿ ಬಿಸಿಲಿಗೆ ಬಿಟ್ಟ. ಬಣ್ಣ ತಾನಾಗಿ ಹಕ್ಕಳೆ ಎದ್ದಿತು. ಯಾವ ಮೂಲೆಯಲ್ಲಿ ಪಾಚಿ, ಎಲ್ಲಿ ಬಿರುಕು, ಕಿಟಕಿಯ ಕೆಳಗೆ ಎಷ್ಟು ಉದ್ದದ ತೇವದ ಕಲೆ, ಎಲ್ಲಕ್ಕೂ ಪೆಟ್ಟಿಗೆಯ ನಕ್ಷೆ ಬರೆಯುತ್ತಿದ್ದ ಪೆನ್ಸಿಲಿನಿಂದಲೇ ಗುರುತು ಹಾಕಿಕೊಂಡ. ಫಾನ್ನಿ ಏಣಿ ಹಿಡಿದುಕೊಳ್ಳುತ್ತಿದ್ದಳು. "ಎಡಗಡೆ ಇನ್ನೂ ಸ್ವಲ್ಪ ದರಿದ್ರವಾಗಿರಲಿ," ಎಂದು ಕೆಳಗಿನಿಂದ ಹೇಳುತ್ತಿದ್ದಳು. ಅವನು ಸರಿಪಡಿಸುತ್ತಿದ್ದ.

ನವೆಂಬರಿನ ಮೊದಲ ಶನಿವಾರ ಗುವಾಯಾಕಿಲ್‌ನಿಂದ ಅತಿಥಿಗಳು ಬಂದರು. ದೋನ್ ಗಾಲೋ ಅವರನ್ನು ಗೋಡೆಯ ಬಳಿಗೆ ಕರೆದೊಯ್ದು, ಉದ್ದಕ್ಕೂ ಅಂಗೈ ಆಡಿಸಿದರು. ಹಕ್ಕಳೆಗಳು ಹದವಾಗಿ ಉದುರಿದವು. ಅವರು ಕಿಟಕಿಯ ಕೆಳಗಿನ ಕಲೆಯ ಮುಂದೆ ಬಹಳ ಹೊತ್ತು ನಿಂತರು.

"ಯಾರು ಮಾಡಿದ್ದು ಇದನ್ನ?"

ಒಲ್ಮೆದೋ ಅನ್ನದ ಪಾತ್ರೆ ಕೆಳಗಿಟ್ಟು ಮುಂದೆ ಬಂದ. ದೋನ್ ಗಾಲೋ ಅವನ ಕೈಯನ್ನು ತಮ್ಮ ಎರಡೂ ಕೈಗಳಲ್ಲಿ ಹಿಡಿದು ಕುಲುಕಿದರು. ಇಪ್ಪತ್ತು ವರ್ಷದ ಪರಿಚಯದಲ್ಲಿ ಅದೇ ಮೊದಲು.

"ಇಷ್ಟು ಚೆನ್ನಾಗಿ ಹಾಳಾದ ಗೋಡೆಯನ್ನ ನಾನು ಇಡೀ ಜಿಲ್ಲೆಯಲ್ಲಿ ಕಂಡಿಲ್ಲ," ಎಂದರು. "ಇಂಥಾ ಕೆಲಸಗಾರ ಇಷ್ಟು ದಿನ ಎಲ್ಲಿದ್ದ?"

ಒಲ್ಮೆದೋನ ಕಣ್ಣು ತುಂಬಿ ಬಂತು. ಅತಿಥಿಗಳು ಚಪ್ಪಾಳೆ ತಟ್ಟಿದರು. ಫಾನ್ನಿ ಸೌಟಿನಿಂದ ಪಾತ್ರೆ ಬಡಿದು, ಊಟ ಆರಿಹೋಗುತ್ತದೆ ಬನ್ನಿ ಎಂದು ಎಲ್ಲರನ್ನೂ ಕರೆದಳು.